ನಾಲಿಗೆ ಚಾಚಿದ ಮನೆಯ ಊರಿಗೆ

ಮೊದಲ ದಿನ: ಕೋಪನ್‌ಹೇಗನ್

ತಂಗಿಯ ಮಗ ಕೋಪನ್‌ಹೇಗನ್ನಿಗೆ ಕೆಲಸಕ್ಕೆ ಹೋಗಿ ನಾಲ್ಕು ವರ್ಷವಾಗಿತ್ತು. "ಮಾವ, ಅತ್ತೆಯನ್ನು ಕರೆದುಕೊಂಡು ಒಂದು ಸಲ ಬನ್ನಿ. ಮೇ ಕೊನೆಯಲ್ಲಿ ಚಳಿಯೂ ಕಡಿಮೆ, ರಾತ್ರಿ ಹತ್ತರವರೆಗೂ ಬೆಳಕಿರುತ್ತದೆ" ಎಂದು ಪ್ರತಿ ವರ್ಷ ಕರೆಯುತ್ತಿದ್ದ. ಕಳೆದ ವರ್ಷ ಅಂತೂ ಹೊರಟೆವು. ವೀಸಾ, ಟಿಕೆಟ್ಟುಗಳ ಪಾಡು ಎಲ್ಲರೂ ಬಲ್ಲದ್ದೇ ಆದ್ದರಿಂದ ಅದನ್ನು ಇಲ್ಲಿ ಬಿಡುತ್ತೇನೆ. ಲೋಕೋಪಯೋಗಿ ಇಲಾಖೆಯಲ್ಲಿ ಮೂವತ್ತೆರಡು ವರ್ಷ ಕಟ್ಟಡಗಳ ಕೆಲಸ ನೋಡಿಕೊಂಡಿದ್ದ ನನಗೆ ಅರಮನೆಗಳ ಮೇಲೆ ಅಂಥ ಮೋಹವಿಲ್ಲ. ರಾಜನಾದವನು ಬೊಕ್ಕಸದ ಹಣದಲ್ಲಿ ಏನನ್ನಾದರೂ ಕಟ್ಟಿಸಬಹುದು. ಒಬ್ಬ ವ್ಯಾಪಾರಿ ತನ್ನ ಗಂಟು ಬಿಚ್ಚಿ ಕಟ್ಟಿಸಿದ ಮನೆ, ಮಳೆ, ಬೆಂಕಿ, ಯುದ್ಧ, ದಾಯಾದಿ ಜಗಳ ಎಲ್ಲವನ್ನೂ ದಾಟಿ ನಾನೂರು ವರ್ಷ ಹೇಗೆ ನಿಂತಿತು ಎಂಬುದನ್ನು ನೋಡುವ ಆಸೆ ಮಾತ್ರ ಇತ್ತು. ಹುಡುಗ ನನ್ನ ಮಾತು ಕೇಳಿ, "ಹಾಗಾದರೆ ನೀವು ಓಲ್ಬೋರ್ಗ್‌ಗೆ ಹೋಗಬೇಕು ಮಾವ" ಎಂದ. ಆ ಊರಿನ ಹೆಸರನ್ನು ಎರಡು 'ಎ' ಹಾಕಿ ಬರೆದು 'ಓ' ಎಂದು ಓದುತ್ತಾರೆ. ಇದು ತಿಳಿಯದೆ ನಾನು ಮೊದಲ ದಿನವೆಲ್ಲ ಆಲ್ಬರ್ಗ್ ಎನ್ನುತ್ತಿದ್ದೆ.

ಮೊದಲ ದಿನ ರಾಜಧಾನಿಯಲ್ಲೇ ಓಡಾಡಿದೆವು. ಬಂದರಿನ ಬಳಿ ನಾಲ್ಕನೆಯ ಕ್ರಿಶ್ಚಿಯನ್ ದೊರೆ 1619ರಲ್ಲಿ ಕಟ್ಟಿಸಲು ತೊಡಗಿದ ಬೋರ್ಸೆನ್ ಎಂಬ ವ್ಯಾಪಾರ ಭವನವಿದೆ. ನಾಲ್ಕು ಡ್ರ್ಯಾಗನ್ನುಗಳ ಬಾಲಗಳು ಹೆಣೆದುಕೊಂಡಂತಿದ್ದ ಅದರ ಶಿಖರ 2024ರ ಏಪ್ರಿಲ್ 16ರಂದು, ದುರಸ್ತಿ ನಡೆಯುತ್ತಿದ್ದಾಗಲೇ ಹತ್ತಿದ ಬೆಂಕಿಯಲ್ಲಿ ಉರಿದು ಕುಸಿಯಿತು. ನಾವು ಹೋದಾಗ ಕಟ್ಟಡದ ಸುತ್ತ ಸಾರುವೆ ಕಟ್ಟಿ ಮರುನಿರ್ಮಾಣ ನಡೆಸಿದ್ದರು. ಬೆಂಕಿ ಈ ಊರಿಗೆ ಹೊಸದಲ್ಲ. 1728ರ ಅಕ್ಟೋಬರಿನಲ್ಲಿ ಮೂರು ದಿನ ಉರಿದ ಬೆಂಕಿಗೆ ನಗರದ ಕಾಲು ಭಾಗಕ್ಕಿಂತ ಹೆಚ್ಚು ಬೂದಿಯಾಯಿತು. 1795ರಲ್ಲಿ ಇನ್ನೊಂದು ಬೆಂಕಿ ಬಿತ್ತು. 1807ರಲ್ಲಿ ಇಂಗ್ಲಿಷರು ಗುಂಡಿನ ಮಳೆಗರೆದು ಉಳಿದದ್ದಕ್ಕೂ ಕೊಳ್ಳಿಯಿಟ್ಟರು. ಹಳೆಯ ಪೇಟೆಯ ಬೀದಿಗಳು ಕೂಡುವಲ್ಲಿ ಮನೆಗಳ ಮೂಲೆಯನ್ನು ಯಾರೋ ಕತ್ತಿಯಿಂದ ಸೀಳಿದಂತೆ ಓರೆಯಾಗಿ ಕತ್ತರಿಸಿರುವುದನ್ನು ಕಂಡು ಮೊದಲಿಗೆ ಅಂದಕ್ಕೆಂದುಕೊಂಡೆ. ಬೆಂಕಿ ನಂದಿಸುವವರ ಉದ್ದನೆಯ ಏಣಿಬಂಡಿಗಳು ತಿರುವಿನಲ್ಲಿ ಸಿಕ್ಕಿಕೊಳ್ಳದಿರಲೆಂದು 1795ರ ಬೆಂಕಿಯ ನಂತರ ಮಾಡಿದ ನಿಯಮವಂತೆ ಅದು. ಮೂಲೆಯ ಜಾಗ ಬಿಟ್ಟುಕೊಡಿ ಎಂದು ನಿವೇಶನದವನೊಬ್ಬನನ್ನು ಒಪ್ಪಿಸುವುದು ಎಷ್ಟು ಕಷ್ಟವೆಂದು ಬಲ್ಲ ನನಗೆ, ಇಡೀ ಊರಿನ ಮೂಲೆ ಕತ್ತರಿಸಿದ ಅಧಿಕಾರಿಗಳ ಮೇಲೆ ಗೌರವ ಹುಟ್ಟಿತು.

ಇಷ್ಟೆಲ್ಲದರ ನಡುವೆ ಉಳಿದ ಕೆಲವೇ ಮನೆಗಳಲ್ಲಿ ಒಂದು, ಅಮಾಗರ್‌ತೋರ್ವ್ ಎಂಬ ಚೌಕದಲ್ಲಿ ನಿಂತಿದೆ. ಮಥಿಯಾಸ್ ಹಾನ್ಸೆನ್ ಎಂಬವನು 1616ರಲ್ಲಿ ಕಟ್ಟಿಸಿದ್ದು. ಮುಂದೆ ಅವನು ಊರಿನ ಮೇಯರನೂ ಆದ. ಕೆಂಪು ಇಟ್ಟಿಗೆಯ ಗೋಡೆ, ಕಲ್ಲಿನ ಅಲಂಕಾರ, ಮೇಲೆ ಸುರುಳಿ ಸುರುಳಿಯಾಗಿ ಏರುವ ತ್ರಿಕೋನದ ಮುಖಗೋಡೆ. ನಮ್ಮ ಇಲಾಖೆಯ ಮಾತಿನಲ್ಲಿ ಗೇಬಲ್. ಒಳಗೆ ರಾಯಲ್ ಕೋಪನ್‌ಹೇಗನ್ ಎಂಬ ಪಿಂಗಾಣಿಯ ಅಂಗಡಿ. ಒಂದು ಬಟ್ಟಲಿನ ಬೆಲೆ ನೋಡಿ ನನ್ನಾಕೆ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ಅಂಗಡಿಯಿಡೀ ನಡೆದಳು.

ಎರಡನೆಯ ದಿನ: ಓರ್ಹುಸ್

ಬೆಳಗಿನ ರೈಲು. ಕೋಪನ್‌ಹೇಗನ್ ಇರುವ ದ್ವೀಪದಿಂದ ಪಶ್ಚಿಮಕ್ಕೆ ಹೋಗಬೇಕಾದರೆ ಸಮುದ್ರ ದಾಟಬೇಕು. ರೈಲು ಮೊದಲು ಸಮುದ್ರದಡಿಯ ಸುರಂಗಕ್ಕಿಳಿದು, ನಡುವಿನ ಒಂದು ಪುಟ್ಟ ದ್ವೀಪದಲ್ಲಿ ತಲೆಯೆತ್ತಿ, ಅಲ್ಲಿಂದ ಸೇತುವೆಯ ಮೇಲೆ ಓಡುತ್ತದೆ. 1997ರವರೆಗೆ ರೈಲನ್ನೇ ಹಡಗಿಗೆ ಹತ್ತಿಸಿ ದಾಟಿಸುತ್ತಿದ್ದರಂತೆ.

ಫ್ರೆಡೆರೀಸಿಯಾ ನಿಲ್ದಾಣ ಹತ್ತಿರವಾದಾಗ ಡೇನಿಷ್ ಭಾಷೆಯಲ್ಲಿ ಏನೋ ಪ್ರಕಟಣೆ ಬಂತು. ನಾವು ಅವಲಕ್ಕಿಯ ಡಬ್ಬಿ ಬಿಚ್ಚಿದ್ದೆವು. ಎದುರಿನ ಸೀಟಿನ ಹುಡುಗಿ ನಮ್ಮ ಟಿಕೆಟ್ಟಿನತ್ತ ಕಣ್ಣು ಹಾಯಿಸಿ, "ನೀವು ಓರ್ಹುಸ್‌ಗೆ ಹೋಗುವವರಲ್ಲವೇ? ಈ ಬೋಗಿ ಅಲ್ಲಿಗೆ ಹೋಗುವುದಿಲ್ಲ, ರೈಲು ಇಲ್ಲಿ ಎರಡು ಹೋಳಾಗುತ್ತದೆ" ಎಂದಳು. ಡಬ್ಬಿಯ ಮುಚ್ಚಳ ಒಂದು ಕೈಯಲ್ಲಿ, ಪೆಟ್ಟಿಗೆ ಇನ್ನೊಂದು ಕೈಯಲ್ಲಿ, ಸುರಿಯುವ ಮಳೆಯಲ್ಲಿ ಪ್ಲಾಟ್‌ಫಾರಂ ಉದ್ದಕ್ಕೂ ಓಡಿ ಮುಂದಿನ ಹೋಳನ್ನು ಹತ್ತಿದೆವು. ಪ್ರತಿ ಬೋಗಿಯ ಬಾಗಿಲ ಬಳಿಯೂ ಅದು ಹೋಗುವ ಊರಿನ ಹೆಸರನ್ನು ತೋರಿಸಿರುತ್ತಾರೆ. ರೈಲಿನ ಸಂಖ್ಯೆ ಸರಿಯಿದ್ದರೆ ಸಾಕೆಂದು ನಂಬಿದ್ದು ನನ್ನ ತಪ್ಪು. ಅವಲಕ್ಕಿಯಲ್ಲಿ ಅರ್ಧ ಫ್ರೆಡೆರೀಸಿಯಾದ ಪಾಲಾಯಿತು.

ಓರ್ಹುಸ್‌ನಲ್ಲಿ ನಾವು ಇಳಿದದ್ದು 'ಹಳೆಯ ಪೇಟೆ' ಎಂಬ ಬಯಲು ವಸ್ತುಸಂಗ್ರಹಾಲಯಕ್ಕಾಗಿ. ದೇಶದ ಬೇರೆ ಬೇರೆ ಊರುಗಳಲ್ಲಿ ಕೆಡವಲಿದ್ದ ಮನೆಗಳನ್ನು ಬಿಚ್ಚಿ ತಂದು ಇಲ್ಲಿ ಜೋಡಿಸಿ ಒಂದು ಪೇಟೆಯನ್ನೇ ಮಾಡಿದ್ದಾರೆ. ಎಲ್ಲದಕ್ಕೂ ಮೊದಲನೆಯದು ಓರ್ಹುಸ್‌ನದೇ ಮೇಯರ್ ಮನೆ, 1597ರದ್ದು. 1907ರ ಸುಮಾರಿಗೆ ಅದನ್ನು ಉರುಳಿಸಲು ಹೊರಟಾಗ ಪೀಟರ್ ಹೋಲ್ಮ್ ಎಂಬ ಮೇಷ್ಟ್ರು ಹಟ ಹಿಡಿದು ಉಳಿಸಿದರು. 1909ರ ವಸ್ತುಪ್ರದರ್ಶನಕ್ಕೆಂದು ಅದನ್ನು ಮತ್ತೆ ನಿಲ್ಲಿಸಿ, 1914ರಲ್ಲಿ ಈಗಿರುವ ಜಾಗದಲ್ಲಿ ಸಂಗ್ರಹಾಲಯವಾಗಿ ತೆರೆದರು.

ಅಲ್ಲಿ ನಾನು ಬಹಳ ಹೊತ್ತು ನಿಂತದ್ದು ಮೂಲೆಯ ಕಂಬಗಳ ಬಳಿ. ಮನೆಯ ಭಾರವನ್ನೆಲ್ಲ ಮರದ ಚೌಕಟ್ಟು ಹೊರುತ್ತದೆ, ಇಟ್ಟಿಗೆಯೋ ಮಣ್ಣೋ ನಡುವೆ ತುಂಬುವ ಹೂರಣವಷ್ಟೇ. ಕೀಲುಗಳಲ್ಲಿ ಕಬ್ಬಿಣದ ಮೊಳೆ ಕಾಣದು, ಮರದ ಗೂಟಗಳೇ. ಇಂಥ ಮನೆಗಳ ಚೌಕಟ್ಟನ್ನು ಬಡಗಿಗಳು ನೆಲದ ಮೇಲೆಯೇ ಹಾಸಿ ಕತ್ತರಿಸಿ, ಯಾವ ತುಂಡು ಯಾವುದಕ್ಕೆ ಸೇರಬೇಕೆಂದು ಉಳಿಯಿಂದ ಗೀಟು ಹಾಕಿ, ಆಮೇಲೆ ಎತ್ತಿ ನಿಲ್ಲಿಸುತ್ತಿದ್ದರು. ಹೀಗೆ ಜೋಡಿಸಿದ್ದನ್ನು ಹಾಗೆಯೇ ಬಿಚ್ಚಲೂ ಬರುತ್ತದೆ. ಮರದ ಮನೆ ಬೇಕೆಂದರೆ ಊರು ಬಿಟ್ಟು ಊರಿಗೆ ಹೋಗಬಲ್ಲದು. ಆದರೆ ಇಲ್ಲಿ ಯಾರೂ ವಾಸವಿಲ್ಲ. ಆ ಕಾಲದ ಉಡುಪು ತೊಟ್ಟ ಹೆಂಗಸೊಬ್ಬಳು ಒಲೆಯ ಮುಂದೆ ಕುಳಿತಿದ್ದಳು, ಐದು ಗಂಟೆಯಾಗುತ್ತಲೇ ಎದ್ದು ಸೈಕಲ್ ಹತ್ತಿ ಮನೆಗೆ ಹೋದಳು.

ಸಂಜೆಯ ರೈಲಿನಲ್ಲಿ ಒಂದೂವರೆ ಗಂಟೆಯ ದಾರಿ. ಓಲ್ಬೋರ್ಗ್ ತಲುಪಿದಾಗ ಗಂಟೆ ಒಂಬತ್ತಾಗಿದ್ದರೂ ಆಕಾಶ ನಮ್ಮೂರಿನ ಐದು ಗಂಟೆಯಂತಿತ್ತು.

ಮೂರನೆಯ ದಿನ: ಯೆನ್ಸ್ ಬಾಂಗನ ಕಲ್ಲುಮನೆ

ಓಲ್ಬೋರ್ಗ್ ಊರು ಲಿಮ್‌ಫ್ಯೋರ್ಡ್ ಎಂಬ ಕಡಲತೋಡಿನ ದಡದಲ್ಲಿದೆ. ಅಲ್ಲಿ ಓಸ್ಟರೋಗೇಡ್ ಎಂಬ ಅಗಲವಾದ ಬೀದಿ. ಹೆಸರಿನ ಅರ್ಥವೇ 'ಪೂರ್ವ ಹೊಳೆಯ ಬೀದಿ'. ಹೊಳೆ ಎಲ್ಲಿದೆಯೆಂದು ಹುಡುಕಿದರೆ ಕಾಲ ಕೆಳಗೇ ಇದೆ; ಹತ್ತೊಂಬತ್ತನೆಯ ಶತಮಾನದಲ್ಲಿ ಅದನ್ನು ಮುಚ್ಚಿ ಮೇಲೆ ರಸ್ತೆ ಮಾಡಿದರು. ಅದಕ್ಕೂ ಮೊದಲು ಕಡಲಿನಿಂದ ಬಂದ ದೋಣಿಗಳು ಈ ಹೊಳೆಯಲ್ಲಿ ಊರೊಳಗೆ ನುಗ್ಗಿ ವ್ಯಾಪಾರಿಗಳ ಬಾಗಿಲಲ್ಲೇ ಸರಕು ಇಳಿಸುತ್ತಿದ್ದವು. ಹೆರಿಂಗ್ ಮೀನು, ಧಾನ್ಯ, ಉಪ್ಪು. ಇದು ತಿಳಿದ ಮೇಲೆಯೇ ನನಗೆ ಆ ಬೀದಿಯ ಮನೆಗಳು ಅರ್ಥವಾಗತೊಡಗಿದವು. ಕೆಳಗೆ ವ್ಯಾಪಾರ, ನಡುವೆ ಸಂಸಾರ, ಮೇಲೆ ಮಾಡಿನಡಿಯ ಅಟ್ಟಗಳಲ್ಲಿ ದಾಸ್ತಾನು. ಎತ್ತರ ಬರೀ ಜಂಬಕ್ಕಲ್ಲ.

ಆದರೆ ಯೆನ್ಸ್ ಬಾಂಗ್ ಎಂಬ ವ್ಯಾಪಾರಿಯ ಮನೆಯಲ್ಲಿ ಜಂಬವೂ ಇದೆಯೆಂಬುದು ನೋಡಿದ ಕೂಡಲೇ ತಿಳಿಯುತ್ತದೆ. 1624ರಲ್ಲಿ ಮುಗಿದ ಐದು ಅಂತಸ್ತಿನ ಇಟ್ಟಿಗೆ ಮನೆ. ಡಚ್ಚರ ನಾಡಿನಿಂದ ಬಂದ ನವೋದಯ ಶೈಲಿ. ಬೀದಿಯ ಕಡೆ ಮೂರು ಗೇಬಲ್‌ಗಳು ಸಾಲಾಗಿ ನಿಂತು, ಒಂದೊಂದೂ ಸುರುಳಿ ಸುರುಳಿಯಾಗಿ ಮೇಲೇರಿ ಚೂಪಾಗುತ್ತದೆ. ಕಿಟಕಿಗಳು ಎಷ್ಟು ಒತ್ತೊತ್ತಾಗಿವೆಯೆಂದರೆ ಗೋಡೆಗೆ ಉಸಿರಾಡಲೂ ಜಾಗವಿಲ್ಲ. ಗಾಜು ದುಬಾರಿಯಾಗಿದ್ದ ಕಾಲದಲ್ಲಿ ಅದೇ ಒಂದು ಘೋಷಣೆ. ಕಿಟಕಿಗಳ ಸುತ್ತ ತಿಳಿಬಣ್ಣದ ಮರಳುಕಲ್ಲಿನ ಕೆತ್ತನೆ, ಅದರ ನಡುವೆ ಹಲ್ಲುಕಿರಿಯುವ, ಮುಖ ಸಿಂಡರಿಸುವ ಆಕೃತಿಗಳು. ಸಂಜೆಯ ಬಿಸಿಲು ಬಿದ್ದಾಗ ಇಟ್ಟಿಗೆಯ ಕೆಂಪು ಹಿಂದೆ ಸರಿದು ಕಲ್ಲಿನ ಗೀಟುಗಳು ಮಾತ್ರ ಮುಂದೆ ಬಂದಂತೆ ಕಾಣುತ್ತವೆ.

ಇದಕ್ಕೆ ಹೆಸರು 'ಯೆನ್ಸ್ ಬಾಂಗನ ಕಲ್ಲುಮನೆ'. ಬೆಳಗಿನಿಂದ ನನ್ನನ್ನು ಕಾಡಿದ್ದು ಇದೇ: ಕಣ್ಣೆದುರಿಗೆ ಇಟ್ಟಿಗೆ, ಹೆಸರಿನಲ್ಲಿ ಕಲ್ಲು. ಮಧ್ಯಾಹ್ನ ಮಳೆ ಬಂದು, ಮನೆಯ ನೆಲಮಾಳಿಗೆಯಲ್ಲಿರುವ ದೂಸ್ ಎಂಬ ಹಳೆಯ ದ್ರಾಕ್ಷಾರಸದ ಮಳಿಗೆಗೆ ಇಳಿದಾಗ ಉತ್ತರ ಸಿಕ್ಕಿತು. ಇಟ್ಟಿಗೆಯ ಕಮಾನು ಛಾವಣಿ, ಮಂದ ಬೆಳಕು, ಒಳಗೆ ತಲೆ ತಗ್ಗಿಸಿ ನಡೆಯಬೇಕು. ಪಕ್ಕದ ಮೇಜಿನಲ್ಲಿ ಕುಳಿತಿದ್ದ ಹಿರಿಯರೊಬ್ಬರು ನಾನು ಗೋಡೆಯನ್ನು ಬೆರಳಿನಿಂದ ತಟ್ಟುವುದನ್ನು ನೋಡಿ ನಕ್ಕು, ನೀವು ಮೇಸ್ತ್ರಿಯೇ ಎಂದು ಇಂಗ್ಲಿಷಿನಲ್ಲಿ ಕೇಳಿದರು. ಹೆಚ್ಚುಕಡಿಮೆ ಹೌದು ಎಂದೆ. ಅವರ ಭಾಷೆಯಲ್ಲಿ ಇಟ್ಟಿಗೆಗೂ 'ಕಲ್ಲು' ಎಂಬುದೇ ಮಾತು. ಊರೆಲ್ಲ ಮರದ ಚೌಕಟ್ಟಿನ ಮನೆಗಳಿದ್ದ ಕಾಲದಲ್ಲಿ ಬುನಾದಿಯಿಂದ ಮಾಡಿನವರೆಗೆ ಇಟ್ಟಿಗೆಯಲ್ಲೇ ಎಬ್ಬಿಸಿದ ಮನೆ ಕಲ್ಲುಮನೆಯೇ ಆಗಿತ್ತು. ಒಳ್ಳೆಯ ಕಟ್ಟಡದ ಕಲ್ಲು ಈ ದೇಶದಲ್ಲಿ ಅಪರೂಪ. ಕೆತ್ತನೆಯ ಮರಳುಕಲ್ಲನ್ನು ಹಡಗಿನಲ್ಲಿ ತರಿಸಬೇಕಿತ್ತು. ಹಿಂದಿನ ದಿನ ಓರ್ಹುಸ್‌ನಲ್ಲಿ ಕಂಡ ಮನೆ ಬಿಚ್ಚಿಕೊಂಡು ಬಂದದ್ದು, ಇದು ಕೂತ ಜಾಗದಿಂದ ಕದಲಲಾರದ್ದು. ಹಾಗಾಗಿ ಇದು ಉಳಿಯಬೇಕಾದರೆ ಇಲ್ಲೇ, ಯಾರಿಗಾದರೂ ಉಪಯೋಗಕ್ಕೆ ಬರುತ್ತಲೇ ಉಳಿಯಬೇಕಿತ್ತು. ಬಂದಿದೆ ಕೂಡ: ಇದೇ ಮನೆಯಲ್ಲಿ ಮುನ್ನೂರು ವರ್ಷಗಳಿಗೂ ಹೆಚ್ಚು ಕಾಲ ಹಂಸದ ಹೆಸರಿನ ಔಷಧದಂಗಡಿ ನಡೆಯಿತು. ಒಡೆಯರು ಬದಲಾದರೂ ಕಷಾಯ ಕುದಿಯುವುದು ನಿಲ್ಲಲಿಲ್ಲ.

ಸಸ್ಯಾಹಾರಿಗಳಿಗೆ ಡೆನ್ಮಾರ್ಕಿನಲ್ಲಿ ಮಧ್ಯಾಹ್ನದ ಊಟ ಸ್ವಲ್ಪ ಪೇಚೇ. ಕರಿಯ ರೈ ಬ್ರೆಡ್ಡಿನ ಒಂದು ಹೋಳಿನ ಮೇಲೆ ಮೀನು, ಹಂದಿ, ಮೊಟ್ಟೆ ಹೀಗೆ ಏನನ್ನಾದರೂ ಹೇರಿ ಕೊಡುವುದು ಅಲ್ಲಿನ ಪದ್ಧತಿ. ಆಲೂಗೆಡ್ಡೆಯದ್ದು ಇದೆಯೇ ಎಂದು ಕೇಳಿದರೆ ಸಾಮಾನ್ಯವಾಗಿ ಇರುತ್ತದೆ: ಬೇಯಿಸಿದ ಆಲೂಗೆಡ್ಡೆಯ ಬಿಲ್ಲೆಗಳು, ಮೇಲೆ ಹಸಿ ಈರುಳ್ಳಿ ಸೊಪ್ಪಿನಂಥ ಎಲೆ, ಹುರಿದ ಈರುಳ್ಳಿ. ನನ್ನಾಕೆ ಸುತ್ತ ನೋಡಿ ಪರ್ಸಿನಿಂದ ಚಟ್ನಿಪುಡಿಯ ಪೊಟ್ಟಣ ತೆಗೆದು ಉದುರಿಸಿದಳು. ಹಿರಿಯರು ಕೇಳಿ ಒಂದು ಚಿಟಿಕೆ ಇಸಿದುಕೊಂಡು ನಾಲಿಗೆಗೆ ಹಚ್ಚಿ, ಪ್ರತಿಯಾಗಿ ನನಗೊಂದು ಪುಟ್ಟ ಲೋಟದಲ್ಲಿ ಈ ಊರಿನ ಅಕ್ವಾವಿಟ್ ಕೊಡಿಸಿದರು. 1846ರಿಂದ ಓಲ್ಬೋರ್ಗ್‌ನ ಹೆಸರಿನಲ್ಲಿ ಬರುತ್ತಿರುವ ಪಾನೀಯ. ಮೂಗಿಗೆ ಶಾಹಿಜೀರಿಗೆಯ ಕಷಾಯ, ಗಂಟಲಿಗೆ ಕೆಂಡ. ಒಂದು ಗುಟುಕಿಗೇ ಸಾಕೆಂದೆ.

ಸಂರಕ್ಷಿತ ಕಟ್ಟಡಕ್ಕೆ ಡೇನಿಷ್‌ನಲ್ಲಿ 'ಫ್ರೆಡೆತ್' ಎನ್ನುತ್ತಾರೆ. 'ಫ್ರೆಡ್' ಎಂದರೆ ಶಾಂತಿ. ಬೇಟೆಯಾಡಬಾರದ ಪ್ರಾಣಿಗೂ ಕೆಡಿಸಬಾರದ ಮನೆಗೂ ಅದೇ ಮಾತು. ಅದನ್ನು ಅದರ ಪಾಡಿಗೆ ನೆಮ್ಮದಿಯಾಗಿರಲು ಬಿಡಿ ಎಂದರ್ಥ ಎಂದು ಆ ಹಿರಿಯರು ವಿವರಿಸಿದರು. ಕಟ್ಟಡ ಸಂರಕ್ಷಣೆಯ ಕಾನೂನು ಅಲ್ಲಿ 1918ರಲ್ಲೇ ಬಂದಿದೆ. ರಕ್ಷಣೆ ಬೀದಿಗೆ ಕಾಣುವ ಮುಖಕ್ಕಷ್ಟೇ ಅಲ್ಲ, ಒಳಗಿನ ಮೆಟ್ಟಿಲು, ಬಾಗಿಲು, ಛಾವಣಿಗಳಿಗೂ ಅನ್ವಯಿಸುತ್ತದೆ. ದಿನನಿತ್ಯದ ದುರಸ್ತಿ ಮೀರಿದ ಯಾವ ಕೆಲಸಕ್ಕೂ ಮೊದಲು ಅನುಮತಿ ಪಡೆಯಬೇಕು. ಮಾಲೀಕರು ಹೆಚ್ಚಾಗಿ ಖಾಸಗಿಯವರೇ. ಅವರಿಗೆ ತೆರಿಗೆಯಲ್ಲಿ ಒಂದಿಷ್ಟು ರಿಯಾಯಿತಿ ಇದೆ.

ಇನ್ನು ನಾಲಿಗೆಯ ವಿಷಯ. ಯೆನ್ಸ್ ಬಾಂಗ್ ಊರಿನ ದೊಡ್ಡ ಶ್ರೀಮಂತರಲ್ಲಿ ಒಬ್ಬ, ಆದರೆ ಜಗಳಗಂಟ. ಎಷ್ಟು ಹಣವಿದ್ದರೂ ಅವನನ್ನು ನಗರಸಭೆಗೆ ಸೇರಿಸಿಕೊಳ್ಳಲಿಲ್ಲವಂತೆ. ಅದಕ್ಕೆ ಅವನು ಪುರಭವನದ ಕಡೆಯ ಗೋಡೆಯಲ್ಲಿ ನಾಲಿಗೆ ಚಾಚಿದ ಮುಖವೊಂದನ್ನು ಕೆತ್ತಿಸಿದನೆಂದು ಊರವರು ಹೇಳುತ್ತಾರೆ. ಮಳೆ ನಿಂತ ಮೇಲೆ ನಾವು ಕತ್ತು ನೋಯುವಷ್ಟು ಹುಡುಕಿದೆವು. ಮುಖಗಳೇನೋ ಹಲವಿವೆ, ನಾಲಿಗೆ ಯಾವುದರದ್ದು, ಗಡ್ಡ ಯಾವುದರದ್ದು ಎಂದು ತಿಳಿಯದೆ ನಾನು ಸೋತಾಗ, ನನ್ನಾಕೆ ಬೆರಳು ಮಾಡಿ, "ಅಗೋ ನೋಡಿ, ನಿಮ್ಮ ಹಾಗೇ ಇದ್ದಾನೆ" ಎಂದಳು. ತಮಾಷೆಯೆಂದರೆ, ಅವನು ಈಗ ಅಣಕಿಸುತ್ತಿರುವುದು ತಪ್ಪು ಕಟ್ಟಡವನ್ನು. ಎದುರಿಗಿರುವ ಹಳದಿಯ ಹಳೆ ಪುರಭವನ ಕಟ್ಟಿದ್ದು 1757ರಿಂದ 1762ರವರೆಗೆ, ಬಾಂಗ್ ತೀರಿಕೊಂಡ ನೂರಕ್ಕೂ ಹೆಚ್ಚು ವರ್ಷಗಳ ಮೇಲೆ. ಅವನ ಕಾಲದ ಪುರಭವನ ಯಾವತ್ತೋ ಹೋಯಿತು, ನಾಲಿಗೆ ಮಾತ್ರ ಒಳಗೆ ಹೋಗಲಿಲ್ಲ.

ನಾಲ್ಕನೆಯ ದಿನ: ಅಣ್ಣತಮ್ಮಂದಿರು, ಸುಣ್ಣ, ಸಿಮೆಂಟು

ಅದೇ ಬೀದಿಯಲ್ಲಿ ಕೆಲವೇ ನಿಮಿಷ ಕಡಲಿನತ್ತ ನಡೆದರೆ ಯೋರ್ಗೆನ್ ಓಲುಫ್ಸೆನನ ಮನೆ ಸಿಗುತ್ತದೆ. 1616ರದ್ದು. ಬೀದಿಗೆ ಇಟ್ಟಿಗೆಯ ಮುಖ, ಹಿಂದುಗಡೆ ಮರದ ಚೌಕಟ್ಟು. ಈತ ಊರಿನ ಮೇಯರನಾಗಿದ್ದವನು, ಮತ್ತು ಯೆನ್ಸ್ ಬಾಂಗನಿಗೆ ಒಡಹುಟ್ಟಿದವನೇ. ಆದರೆ ಹೆತ್ತವರಲ್ಲಿ ಒಬ್ಬರು ಬೇರೆ. ಈ ಸಂಬಂಧ ತಿಳಿದಾಗ ನನಗೆ ಕತೆಯೇ ಬೇರೆಯಾಗಿ ಕಂಡಿತು. ಒಬ್ಬನಿಗೆ ಅಧಿಕಾರ, ಒಳ್ಳೆಯ ಮನೆ. ಇನ್ನೊಬ್ಬ ಎಂಟು ವರ್ಷದ ಮೇಲೆ ಅದೇ ಬೀದಿಯಲ್ಲಿ ಪೂರ್ತಿ ಇಟ್ಟಿಗೆಯಲ್ಲಿ ಐದು ಅಂತಸ್ತು ಎಬ್ಬಿಸುತ್ತಾನೆ. ನಾಲಿಗೆ ನಗರಸಭೆಗೆಂದು ಜನ ಹೇಳಿದರೂ, ಮನೆಯ ಎತ್ತರ ಮನೆಯೊಳಗಿನವರಿಗೇ ಇರಬೇಕೆಂದು ನನಗನ್ನಿಸಿತು. ಆಸ್ತಿ ಹಂಚಿಕೆಯಾದ ನಿವೇಶನಗಳಲ್ಲಿ ದಾಯಾದಿಗಳು ಎದುರುಬದುರು ಕಟ್ಟುವ ಮನೆಗಳ ನಕ್ಷೆಗಳನ್ನು ನಾನೂ ಸಾಕಷ್ಟು ನೋಡಿದ್ದೇನೆ.

1616 ಎಂಬ ಇಸವಿ ನನಗೆ ಇನ್ನೊಂದು ಕಾರಣಕ್ಕೆ ನೆನಪಿತ್ತು. ಅದೇ ವರ್ಷ ಕ್ರಿಶ್ಚಿಯನ್ ದೊರೆ ಡೇನಿಷ್ ಈಸ್ಟ್ ಇಂಡಿಯಾ ಕಂಪನಿ ಹುಟ್ಟುಹಾಕಿದ. ಅದರ ಹಡಗುಗಳೇ 1620ರಲ್ಲಿ ಚೋಳಮಂಡಲ ತೀರಕ್ಕೆ ಬಂದು, ತಂಜಾವೂರಿನ ರಘುನಾಥ ನಾಯಕನಿಂದ ತರಂಗಂಬಾಡಿಯನ್ನು ಪಡೆದು ಡಾನ್ಸ್‌ಬೋರ್ಗ್ ಕೋಟೆ ಕಟ್ಟಿದ್ದು. ನಿವೃತ್ತಿಯಾದ ವರ್ಷ ನಾವು ತರಂಗಂಬಾಡಿಗೆ ಹೋಗಿದ್ದೆವು. ಉಪ್ಪುಗಾಳಿಗೆ ಅಲ್ಲಿನ ಗಾರೆ ಪುಡಿಯಾಗಿ ಉದುರುತ್ತಿದ್ದುದು ಇಲ್ಲಿ ಫ್ಯೋರ್ಡಿನ ಗಾಳಿಗೆ ಮುಖವೊಡ್ಡಿದಾಗ ಮತ್ತೆ ನೆನಪಾಯಿತು.

ಅಲ್ಲಿಂದ ಪವಿತ್ರಾತ್ಮ ಮಠಕ್ಕೆ ಹೋದೆವು. 1431ರಲ್ಲಿ ಮಾರೆನ್ ಹೆಮ್ಮಿಂಗ್ಸ್ ಎಂಬ ಹೆಂಗಸು ರೋಗಿಗಳಿಗೂ ಬಡವರಿಗೂ ಕಟ್ಟಿಸಿದ್ದು. ಇಂದಿಗೂ ಅಲ್ಲಿ ವಯಸ್ಸಾದವರು ವಾಸವಾಗಿದ್ದಾರೆ. 1942ರಲ್ಲಿ ನಾಜಿಗಳ ವಿರುದ್ಧ ಶಾಲಾ ಹುಡುಗರು ಗುಟ್ಟಾಗಿ ಕಟ್ಟಿದ ಚರ್ಚಿಲ್ ಕ್ಲಬ್ ಸೇರುತ್ತಿದ್ದುದೂ ಈ ಮಠದ ಕೋಣೆಯಲ್ಲಿಯೇ. ಅಂಗಳದ ಒಂದು ಕಿಟಕಿಯಲ್ಲಿ ಜೆರೇನಿಯಂ ಕುಂಡ, ಪಕ್ಕದಲ್ಲಿ ಒಣಗಲು ಇಟ್ಟ ಕಾಲುಚೀಲ.

ಮಠದ ಹೊರಗೋಡೆಯ ಒಂದು ಕಡೆ ಸಂದುಗಳಿಗೆ ಗಾರೆ ತುಂಬುವ ಕೆಲಸ ನಡೆದಿತ್ತು. ಗಾರೆ ಕಲಸುತ್ತಿದ್ದ ಯುವಕನ ಬಳಿ ಹೋಗಿ ಬಕೆಟ್ಟಿಗೆ ಇಣುಕಿದೆ. ಬರೀ ಸುಣ್ಣ, ಮರಳು. ಸಿಮೆಂಟು ಹಾಕುವುದಿಲ್ಲವೇ ಎಂದು ಕೇಳಿದ್ದಕ್ಕೆ ಅವನು ಗಾಬರಿಯಿಂದ ತಲೆಯಾಡಿಸಿದ. ವಿಚಿತ್ರವೆಂದರೆ ಓಲ್ಬೋರ್ಗ್ ಸಿಮೆಂಟಿನ ತವರು. ನೆಲದಡಿಯೆಲ್ಲ ಸೀಮೆಸುಣ್ಣ, 1889ರಿಂದ ಇಲ್ಲಿ ಸಿಮೆಂಟ್ ಕಾರ್ಖಾನೆಯಿದೆ, ಇಲ್ಲಿನ ಬಿಳಿ ಸಿಮೆಂಟು ಲೋಕವೆಲ್ಲ ತಿರುಗುತ್ತದೆ. ಆದರೂ ಹಳೆಯ ಗೋಡೆಗೆ ಮುಟ್ಟಿಸುವುದಿಲ್ಲ. ಸುಣ್ಣದ ಗಾರೆ ಇಟ್ಟಿಗೆಗಿಂತ ಮೆದು. ಗೋಡೆಯ ತೇವ ಅದರ ಮೂಲಕ ಹೊರಗೆ ಆರಿಹೋಗುತ್ತದೆ, ಗೋಡೆ ಕುಗ್ಗಿ ಹಿಗ್ಗಿದರೆ ಗಾರೆ ಬಿರುಕು ಬಿಡುತ್ತದೆಯೇ ಹೊರತು ಇಟ್ಟಿಗೆಯಲ್ಲ. ಸಿಮೆಂಟು ಗಟ್ಟಿಯಾಗಿ ತೇವವನ್ನು ಒಳಗೇ ಹಿಡಿಯುತ್ತದೆ. ಚಳಿಗಾಲದಲ್ಲಿ ಆ ನೀರು ಹೆಪ್ಪುಗಟ್ಟಿ ಇಟ್ಟಿಗೆಯ ಮುಖವೇ ಹಪ್ಪಳದಂತೆ ಎದ್ದುಬರುತ್ತದೆ. ಇದನ್ನೆಲ್ಲ ಆ ಹುಡುಗ ಕೈಸನ್ನೆಯಲ್ಲೂ ಮುರುಕು ಇಂಗ್ಲಿಷಿನಲ್ಲೂ ಹೇಳುತ್ತಿದ್ದಾಗ ನಾನು ಸುಮ್ಮನಿದ್ದೆ. ಕೆಲಸಕ್ಕೆ ಸೇರಿದ ಹೊಸದರಲ್ಲಿ, ಒಂದು ತಾಲ್ಲೂಕಿನ ನೂರು ವರ್ಷದ ಹಳೆಯ ಕಚೇರಿಗೆ, ಉದುರುತ್ತಿದ್ದ ಗಚ್ಚುಗಾರೆಯನ್ನು ಕೆತ್ತಿಸಿ ದಪ್ಪಗೆ ಸಿಮೆಂಟ್ ಪ್ಲಾಸ್ಟರ್ ಮಾಡಿಸಿದವನು ನಾನೇ. ಎರಡೇ ಮಳೆಗಾಲಕ್ಕೆ ಗೋಡೆ ಉಬ್ಬಿತು. ಆಗ ನಾನು ಗುತ್ತಿಗೆದಾರನನ್ನು ಬೈದಿದ್ದೆ.

ಐದನೆಯ ದಿನ: ಕಿಟಕಿ ಬಿಚ್ಚುವವಳು

ರೈಲಿಗೆ ಇನ್ನೂ ಮೂರು ಗಂಟೆಯಿತ್ತು. ಪೆಟ್ಟಿಗೆಯನ್ನು ತಂಗಿದ್ದಲ್ಲೇ ಬಿಟ್ಟು ಬುಡೋಲ್ಫಿ ಚರ್ಚಿನ ಸುತ್ತಲಿನ ಓಣಿಗಳಿಗೆ ಹೋದೆವು. ಇಲ್ಲಿ ಬಾಂಗನಂಥವರ ಜಂಬವಿಲ್ಲ. ಕುಶಲಕರ್ಮಿಗಳ ಗಿಡ್ಡ ಮನೆಗಳು, ಬಾಗಿಲ ಪಕ್ಕದಲ್ಲಿ ಗುಲಾಬಿ ಬಳ್ಳಿ, ಕಾಲಿಗೆ ಉರುಟು ಕಲ್ಲು ಹಾಸಿದ ನೆಲ. ಈ ಕಲ್ಲುಗಳ ಮೇಲೆ ಚಕ್ರದ ಪೆಟ್ಟಿಗೆ ಎಳೆಯುವುದು ಬೇಡ. ಬಂದ ದಿನವೇ ನಮ್ಮದರ ಒಂದು ಚಕ್ರ ಅಲ್ಲಿ ಕಳಚಿಹೋಗಿತ್ತು.

ಒಂದು ಮನೆಯ ಕಿಟಕಿಯಲ್ಲಿ ಅರವತ್ತರ ಹೆಂಗಸೊಬ್ಬಳು ಒಳಗಿನಿಂದ ಗಾಜಿನ ಚೌಕಟ್ಟೊಂದನ್ನು ಬಿಚ್ಚುತ್ತಿದ್ದಳು. ತಿರುಪು ಬಿಗಿಯಾಗಿತ್ತು. ನಾನು ಕೈ ಚಾಚಿದೆ, ಅವಳು ಸ್ಕ್ರೂಡ್ರೈವರ್ ಕೊಟ್ಟಳು. ಮನೆ ಸಂರಕ್ಷಿತ ಪಟ್ಟಿಯಲ್ಲಿರುವುದರಿಂದ ಹಳೆಯ ಒಂಟಿ ಗಾಜಿನ ಕಿಟಕಿಗಳನ್ನು ತೆಗೆದು ಜೋಡಿ ಗಾಜಿನದ್ದು ಹಾಕುವಂತಿಲ್ಲ. ಹಾಗಾಗಿ ಚಳಿಗಾಲ ಬರುವಾಗ ಒಳಗಿನಿಂದ ಇನ್ನೊಂದು ಚೌಕಟ್ಟು ಸೇರಿಸುತ್ತಾಳೆ, ಬೇಸಿಗೆಗೆ ಬಿಚ್ಚಿ ಅಟ್ಟದಲ್ಲಿಡುತ್ತಾಳೆ. ಹೊರಗಿನ ಹಳೆಯ ಗಾಜು ಸಮತಟ್ಟಾಗಿರಲಿಲ್ಲ. ಅದರ ಮೂಲಕ ನೋಡಿದರೆ ಎದುರು ಮನೆಯ ಹಂಚು ನೀರಿನಲ್ಲಿ ಅಲ್ಲಾಡಿದಂತೆ ಕಾಣುತ್ತಿತ್ತು. ಬೇಸರವಾಗುವುದಿಲ್ಲವೇ, ಪ್ರತಿ ವರ್ಷ ಇದೇ ಕೆಲಸ ಎಂದು ನನ್ನಾಕೆ ಕೇಳಿದಳು. "ಒಟ್ಟು ಹನ್ನೊಂದು ಕಿಟಕಿ" ಎಂದಷ್ಟೇ ಹೇಳಿ ಅವಳು ಮುಂದಿನದಕ್ಕೆ ಹೋದಳು.

ನಾವು ನಾಲ್ಕು ಬಿಚ್ಚಿಕೊಟ್ಟೆವು. ಕಾಫಿ, ದಾಲ್ಚಿನ್ನಿಯ ಬನ್ನು ಸಿಕ್ಕಿತು. ಐದನೆಯದಕ್ಕೆ ಕೈ ಹಾಕುವಷ್ಟರಲ್ಲಿ ನನ್ನಾಕೆ ಗಡಿಯಾರ ತೋರಿಸಿದಳು.